ಜೋಡಿ ಸಿಡಿಲು

ಅವನನ್ನು ಎಲ್ಲರೂ ಬಾವುಟ ಎಂದೇ ಕರೆಯುತ್ತಿದ್ದರು. ಮೀಸೆ ಸರಿಯಾಗಿ ಮೂಡದ ವಯಸ್ಸಿನಲ್ಲಿ, ರಸ್ತೆ ಅಗೆಯುವ ಕಡೆ ಕೆಂಪು ಬಾವುಟ ಹಿಡಿದು ಲಾರಿಗಳನ್ನು ನಿಲ್ಲಿಸುವ ಕೆಲಸಕ್ಕೆ ಸೇರಿದ್ದ. ಆ ಕೆಲಸ ಎರಡೇ ವರ್ಷಕ್ಕೆ ಬಿಟ್ಟುಹೋಯಿತು, ಹೆಸರು ಮಾತ್ರ ಬೆನ್ನಿಗೆ ಅಂಟಿಕೊಂಡಿತು. ಅವನ ಸ್ವಂತ ಹೆಸರು ಸಂಬಳದ ದಿನ ಬಿಟ್ಟರೆ ಯಾರಿಗೂ ಬೇಕಾಗುತ್ತಿರಲಿಲ್ಲ.

ಆಮೇಲೆ ಅವನು ದೊಡ್ಡ ದೊಡ್ಡ ಕಟ್ಟಡಗಳು ಏಳುವ ಜಾಗದಲ್ಲಿ ಕ್ರೇನಿನ ಸನ್ನೆಗಾರನಾದ. ನೋಡುವವರಿಗೆ ಅದೇನು ಮಹಾ ಕೆಲಸ ಅನ್ನಿಸುತ್ತದೆ; ಒಬ್ಬ ಮನುಷ್ಯ ಕೆಳಗೆ ನಿಂತು ಕೈ ಆಡಿಸುತ್ತಿರುತ್ತಾನೆ, ಅಷ್ಟೇ ತಾನೆ? ಆದರೆ ಅಷ್ಟೆತ್ತರದಲ್ಲಿ, ಕ್ರೇನಿನ ಗೂಡಿನಲ್ಲಿ ಕೂತು ಅದನ್ನು ನಡೆಸುವವನಿಗೆ ಕೆಳಗಿನದು ನೆಟ್ಟಗೆ ಕಾಣುವುದಿಲ್ಲ. ಕೊಕ್ಕೆಯಲ್ಲಿ ತೂಗುವ ಚಪ್ಪಡಿ ಯಾರ ತಲೆಯ ಮೇಲಿದೆ, ಯಾವ ಕಂಬಿಗೆ ತಾಗುತ್ತಿದೆ ಎಂಬುದು ಅವನಿಗೆ ಗೊತ್ತಾಗುವುದು ಕೆಳಗಿನವನ ಕೈ ನೋಡಿಯೇ. ತೋಳು ಪಕ್ಕಕ್ಕೆ ಚಾಚಿ, ಬೆರಳನ್ನು ನೆಲಕ್ಕೆ ತೋರಿಸಿ ಸುತ್ತಿಸಿದರೆ ಇಳಿಸು ಎಂದು. ಅದೇ ತೋಳು ಚಾಚಿ, ಅಂಗೈ ಕೆಳಗೆ ಮಾಡಿ ಅತ್ತಿತ್ತ ಬೀಸಿದರೆ ನಿಲ್ಲಿಸು ಎಂದು. ಇಂಥವು ಒಂದಿಪ್ಪತ್ತು ಸನ್ನೆಗಳಿವೆ. ಬಾವುಟನದು ಸ್ಪಷ್ಟವಾದ ಕೈ ಎಂದು ಮೇಸ್ತ್ರಿಗಳೇ ಹೊಗಳುತ್ತಿದ್ದರು. ಹೊಗಳಿಕೆ ಕೇಳಿದಾಗ ಅವನು ಉಬ್ಬಿಹೋಗಿ ಆ ದಿನ ಇನ್ನೂ ಒಂದು ಗೇಣು ಮೇಲೆ ಕೈ ಎತ್ತುತ್ತಿದ್ದ.

ಗೂಡಿನಲ್ಲಿ ಕೂರುತ್ತಿದ್ದವನು ಭಾವ. ಮೊದಲು ಬರಿಯ ಕ್ರೇನಿನವನಾಗಿದ್ದ. ಬಾವುಟನ ಜೊತೆ ಒಂದೆರಡು ಸಲ ಮನೆಗೆ ಊಟಕ್ಕೆ ಬಂದ, ಮೂರನೆಯ ಸಲ ಅಕ್ಕನೇ ಕರೆದಳು, ವರ್ಷ ತುಂಬುವುದರೊಳಗೆ ಭಾವನಾದ. ಇದು ಕ್ರೇನಿನಲ್ಲಿ ಎತ್ತಿ ಇಟ್ಟ ಸಂಬಂಧ ಎಂದು ಕೆಲಸದವರು ತಮಾಷೆ ಮಾಡುತ್ತಿದ್ದರು. ಮದುವೆಯಾದ ಮೇಲೂ ಇಬ್ಬರೂ ಒಂದೇ ಕ್ರೇನಿಗೆ ಬೇಕೆಂದು ಕೇಳಿ ಹಾಕಿಸಿಕೊಂಡರು. ಇವರಷ್ಟು ಬೇಗ ಮಾಲು ಇಳಿಸುವ ಜೋಡಿ ಇನ್ನೊಂದಿರಲಿಲ್ಲ. ಬಾವುಟ ಕೈ ಎತ್ತುವಷ್ಟರಲ್ಲಿ ಮೇಲೆ ಮೋಟರು ಗುರ್ ಎನ್ನುತ್ತಿತ್ತು. ಮೇಸ್ತ್ರಿ ಹೊಸಬರಿಗೆ ಇವರಿಬ್ಬರನ್ನು ತೋರಿಸಿ, ನೋಡಿ ಕಲೀರಿ ಅನ್ನುತ್ತಿದ್ದ.

ಹೋದ ವರ್ಷ ಒಂದು ಮಧ್ಯಾಹ್ನ ಚಪ್ಪಡಿಯೊಂದು ಇಳಿಯುತ್ತಿತ್ತು. ಅದರ ಒಂದು ಮೂಲೆ ಗೋಡೆಗೆ ಕಟ್ಟಿದ ಸಾರುವೆಯ ಕೊಳವೆಗೆ ಸಿಕ್ಕಿಕೊಳ್ಳುವುದರಲ್ಲಿದೆ ಎಂದು ಬಾವುಟನಿಗೆ ಕಂಡಿತು. ತೋಳು ಚಾಚಿದ. ಅಲ್ಲಿಂದ ಮುಂದೆ ಅವನಿಗೆ ಏನೂ ನೆನಪಿಲ್ಲ. ಕಣ್ಣು ಬಿಟ್ಟಾಗ ಆಸ್ಪತ್ರೆಯ ಬಿಳಿ ಚಾವಣಿ ಇತ್ತು, ಬಲಗೈ ಇದ್ದೂ ಇಲ್ಲದಂತಿತ್ತು. ಚಪ್ಪಡಿ ಸಿಕ್ಕಿಕೊಂಡು ಜಾರಿ, ತಿರುಗಿ, ಅವನ ಹೆಗಲಿಗೆ ಬಡಿದಿತ್ತು.

ವಿಚಾರಣೆ ನಡೆಯಿತು. ಇಳಿಸು ಎಂದು ಸನ್ನೆ ಬಂತು, ಇಳಿಸಿದೆ ಎಂದು ಭಾವ ಹೇಳಿದ. ತೋಳು ಚಾಚಿದ್ದು ಗೊತ್ತು, ಬೆರಳೋ ಅಂಗೈಯೋ ನೆನಪಿಲ್ಲ ಎಂದು ಬಾವುಟ ಹೇಳಿದ. ನೆನಪಿಲ್ಲದವನ ಮಾತಿಗೆ ಯಾರು ಬೆಲೆ ಕೊಡುತ್ತಾರೆ? ಸನ್ನೆಗಾರನ ತಪ್ಪು ಎಂದಾಯಿತು. ಭಾವ ಮತ್ತೆ ಗೂಡು ಹತ್ತಿದ. ಬಾವುಟನನ್ನು ಗೇಟಿನ ಪಕ್ಕ ಕೂರಿಸಿದರು. ಕಟ್ಟಡ ನೋಡಲು ಬರುವವರಿಗೆ ಹೆಲ್ಮೆಟ್ ಕೊಡುವುದು, ಹೋಗುವಾಗ ಇಸಿದುಕೊಳ್ಳುವುದು. ಕೆಲವರು ಅದನ್ನು ಹಿಂದುಮುಂದಾಗಿ ಹಾಕಿಕೊಳ್ಳುತ್ತಿದ್ದರು. ಅವನು ಹೇಳಲು ಹೋಗುತ್ತಿರಲಿಲ್ಲ.

ಬಲಗೈಗೆ ಬಿಸಿ ಲೋಟ ತಾಗಿದರೂ ತಿಳಿಯುತ್ತಿರಲಿಲ್ಲ. ಚರ್ಮ ಕೆಂಪಾದದ್ದನ್ನು ಯಾರೋ ನೋಡಿ ಹೇಳಬೇಕು. ಆದರೆ ಮರಗಟ್ಟಿದ್ದು ಕೈಯೊಂದೇ ಅಲ್ಲ. ಗೇಟಿನಲ್ಲಿ ಯಾರಾದರೂ ಅಯ್ಯೋ ಪಾಪ ಎಂದರೆ ಬೇಸರವಾಗುತ್ತಿರಲಿಲ್ಲ. ಯಾರಾದರೂ ನಗಿಸಿದರೆ ತುಟಿ ಅಗಲವಾಗುತ್ತಿತ್ತು, ಅದರ ಹಿಂದೆ ನಗು ಇರುತ್ತಿರಲಿಲ್ಲ. ಎಷ್ಟು ಚೆನ್ನಾಗಿ ತಡ್ಕೊಂಡಿದಾನೆ ಎಂದು ಜನ ಮೆಚ್ಚಿದರು. ತಡೆದುಕೊಳ್ಳಲು ಒಳಗೆ ಏನಾದರೂ ತಳ್ಳುತ್ತಿರಬೇಕಲ್ಲ? ಅಲ್ಲಿ ಏನೂ ಇರಲಿಲ್ಲ. ತನ್ನ ಕೈ ತನಗೇ ಸುಳ್ಳು ಹೇಳಿತು ಎಂದು ಒಮ್ಮೆ ತೀರ್ಮಾನಿಸಿದ ಮೇಲೆ, ಅವನು ಒಳಗಿನ ಅಂಗಡಿಯನ್ನೇ ಮುಚ್ಚಿಬಿಟ್ಟಿದ್ದ.

ಒಂದೇ ಒಂದು ವಿಷಯ ಮಾತ್ರ ಆಗಾಗ ಚುಚ್ಚುತ್ತಿತ್ತು. ಸುರಕ್ಷತೆ ನೋಡಿಕೊಳ್ಳುವ ಮೇಡಂ ಅವನನ್ನು ಎರಡು ಸಲ ಕರೆದು ಕೇಳಿದ್ದರು: ಹೊಸ ಸನ್ನೆಗಾರರಿಗೆ ಕಲಿಸಲು ಬಾ, ಒಂದು ಕೈ ಸಾಕು, ಉಳಿದದ್ದು ಬಾಯಿ. ಅವನಿಗೆ ಆ ಕೆಲಸ ಬೇಕಿತ್ತು. ಜಗತ್ತಿನಲ್ಲಿ ಬೇಕಾದದ್ದು ಅಂತ ಉಳಿದಿದ್ದರೆ ಅದೊಂದೇ. ಎರಡು ಸಲವೂ ಒಲ್ಲೆ ಎಂದ.

“ಯಾಕ್ರೀ?” ಎಂದರು ಮೇಡಂ.

“ನನ್ನ ಕೈಯೇ ತಪ್ಪಿದ್ದು ಮೇಡಂ. ನನ್ನ ಹತ್ರ ಕಲಿತವನನ್ನ ನಂಬ್ಕೊಂಡು ಇನ್ನೊಬ್ಬ ಕೆಳಗೆ ನಿಲ್ಲೋದು ಬೇಡ.”

“ಯೋಚನೆ ಮಾಡಿ. ಸೋಮವಾರದವರೆಗೂ ಕಾಯ್ತೀನಿ. ಆಮೇಲೆ ಬೇರೆಯವರನ್ನ ನೋಡ್ಕೋಬೇಕಾಗುತ್ತೆ.”

ಇನ್ನು ಆಟದ ವಿಷಯ. ಆಸ್ಪತ್ರೆಯಲ್ಲಿ ಕೈಗೆ ವ್ಯಾಯಾಮ ಹೇಳಿಕೊಡುವ ಹುಡುಗಿ, ಎಡಗೈ ಬೆರಳುಗಳಿಗೆ ಚುರುಕಾದ ಕೆಲಸ ಕೊಡಿ ಎಂದಿದ್ದಳು. ಅದನ್ನು ಕೇಳಿದ್ದೇ ಭಾವ ಹೋಗಿ, ಟೀವಿಗೆ ಜೋಡಿಸುವ ಆಟದ ಪೆಟ್ಟಿಗೆಯನ್ನೂ ಎರಡು ಕಂಟ್ರೋಲರುಗಳನ್ನೂ ತಂದ. ಒಂದು ಜೊತೆ ಚಪ್ಪಲಿ ಕೊಳ್ಳಲು ಮೂರು ಅಂಗಡಿ ಸುತ್ತುವ ಮನುಷ್ಯ ಕೇಳಿದ ಬೆಲೆ ಕೊಟ್ಟು ಬಂದನಲ್ಲ ಎಂದು ಅಕ್ಕ ಬೆರಗಾದಳು. ಅಂದಿನಿಂದ ಪ್ರತಿ ಭಾನುವಾರ ಊಟವಾದ ಮೇಲೆ ಭಾವ ಮೈದುನರಿಬ್ಬರೂ ಪರದೆ ಎಳೆದು, ಚಾಪೆ ಹಾಸಿ, ಟೀವಿಯ ಮುಂದೆ ಕೂರುತ್ತಿದ್ದರು.

ಸುಟ್ಟು ಬೂದಿಯಾದ ಯಾವುದೋ ಗ್ರಹ. ಅಲ್ಲಿ ಕೆಟ್ಟುಹೋದ ಯಂತ್ರಗಳು ಜನರನ್ನು ಅಟ್ಟಿಸಿಕೊಂಡು ಓಡಾಡುತ್ತವೆ. ಆಡುವವರು ಸೈನಿಕರು, ಗುಂಡು ಹಾರಿಸುತ್ತಾ, ಜನರನ್ನು ಬಿಡಿಸುತ್ತಾ ಹೋದಂತೆ ಒಂದೊಂದೇ ಹೊಸ ವಿದ್ಯೆ ಕೈಗೆ ಬರುತ್ತದೆ. ಬಾವುಟ ಬಲಗೈಯನ್ನು ಮಡಿಲಲ್ಲಿ ಮಲಗಿಸಿ, ಕಂಟ್ರೋಲರನ್ನು ತೊಡೆಯ ನಡುವೆ ಸಿಕ್ಕಿಸಿಕೊಂಡು, ಎಡಗೈಯಲ್ಲೇ ಆಡುವುದನ್ನು ಕಲಿತ. ಅವನ ಸೈನಿಕ ಸತ್ತರೆ ಅವನಿಗೆ ಏನೂ ಅನ್ನಿಸುತ್ತಿರಲಿಲ್ಲ, ಯಂತ್ರ ಸತ್ತರೂ ಅಷ್ಟೇ. ಆದರೂ ಪ್ರತಿ ವಾರ ಬರುತ್ತಿದ್ದ. ಬೆರಳು ಓಡುತ್ತಿದ್ದಷ್ಟು ಹೊತ್ತು ತಲೆ ಓಡುತ್ತಿರಲಿಲ್ಲ.

ಎಲ್ಲ ವಿದ್ಯೆಗಳಿಗಿಂತ ದೊಡ್ಡದೊಂದಿತ್ತು. ಆಟದಲ್ಲಿ ಅದಕ್ಕೆ ಬಾಯಿಗೆ ಹಿಡಿಯದ ಹೆಸರು. ಇವರಿಬ್ಬರೂ ಅದನ್ನು ಜೋಡಿ ಸಿಡಿಲು ಎಂದರು. ಅದು ಇಬ್ಬರು ಸೇರಿ ಮಾಡುವಂಥದು. ಒಬ್ಬ ನೆಲದ ಮೇಲೆ ನಿಂತು ಯಂತ್ರದ ಮೇಲೆ ಬೆಳಕಿನ ಗುರುತು ಹಿಡಿಯಬೇಕು. ಗುರುತಿನ ಸುತ್ತ ಒಂದು ಉಂಗುರ ನಿಧಾನವಾಗಿ ಕೂಡಿಕೊಳ್ಳುತ್ತಾ ಬರುತ್ತದೆ. ಇನ್ನೊಬ್ಬ ಮುಗಿಲಿನಲ್ಲಿ ತೇಲುತ್ತಿರುತ್ತಾನೆ. ಟೀವಿ ಇಬ್ಬರಿಗೂ ಎರಡು ಅರ್ಧವಾಗಿ ಸೀಳಿರುತ್ತದೆ; ಅವನ ಅರ್ಧದಲ್ಲಿ ಕಾಣುವುದು ಹೊಗೆ, ದೂರದ ನೆಲ, ಅಷ್ಟೇ. ಉಂಗುರ ಪೂರ್ತಿ ಕೂಡಿದ ಗಳಿಗೆಗೆ ಕೆಳಗಿನವನು ಹೇಳಬೇಕು, ಮೇಲಿನವನು ಗುಂಡಿ ಒತ್ತಬೇಕು, ಆಗ ಸಿಡಿಲು ನೇರವಾಗಿ ಬೀಳುತ್ತದೆ. ಒಂದು ಕ್ಷಣ ಮೊದಲಾದರೆ ಅದು ಚದುರಿ ಸುತ್ತಮುತ್ತ ಇರುವವರನ್ನೆಲ್ಲ ಸುಡುತ್ತದೆ. ಮೂರು ಸಲ ಸತತವಾಗಿ ತಪ್ಪದೆ ಹೊಡೆದರೆ ವಿದ್ಯೆ ಸಿದ್ಧಿಸಿತು ಎಂದು ಲೆಕ್ಕ. ಆಮೇಲೆ ಗ್ರಹದ ದೊಡ್ಡ ಬಾಗಿಲು ತೆರೆಯುತ್ತದೆ.

ಯಾರು ಮೇಲೆ, ಯಾರು ಕೆಳಗೆ ಎಂದು ಅವರು ಮಾತೇ ಆಡಲಿಲ್ಲ. ಭಾವ ಮುಗಿಲಿಗೆ ಹೋದ, ಬಾವುಟ ನೆಲದ ಮೇಲೆ ನಿಂತ.

ವಾರಗಟ್ಟಲೆ ಅದು ಸಿದ್ಧಿಸಲೇ ಇಲ್ಲ. ಒಂದು ಸಲ ಸರಿಯಾಗಿ ಬಿದ್ದರೆ ಎರಡನೆಯದು ಚದುರುತ್ತಿತ್ತು. ಬೇಗ ಆಯಿತು ಎಂದು ಟೀವಿ ಕೆಂಪಕ್ಷರದಲ್ಲಿ ಹೇಳುತ್ತಿತ್ತು. ಯಾವಾಗಲೂ ಬೇಗವೇ, ತಡ ಎಂದು ಒಮ್ಮೆಯೂ ಬರಲಿಲ್ಲ.

“ನಂದೇ ತಪ್ಪು ಭಾವ. ಬೇಗ ಅಂದ್ಬಿಟ್ಟೆ.”

“ಹೋಗ್ಲಿ ಬಿಡೋ. ಆಟ ತಾನೆ,” ಎನ್ನುತ್ತಿದ್ದ ಭಾವ, ಟೀವಿಯಿಂದ ಕಣ್ಣು ತೆಗೆಯದೆ.

ಅಕ್ಕ ಒಳಗಿಂದ ಬಟ್ಟೆ ಮಡಚುತ್ತಾ ಕೂಗುತ್ತಿದ್ದಳು. “ಅವನ ಸನ್ನೆ ನಂಬ್ಕೊಂಡ್ರೆ ಅಲ್ಲೂ ನಿಮ್ಮ ತಲೆ ಹೋಗುತ್ತೆ, ನೋಡ್ಕೊಳ್ಳಿ!”

ಇದು ಅವಳ ತಮಾಷೆ. ತಮಾಷೆಯಲ್ಲಿ ಅರ್ಧ ಮಾತ್ರ ತಮಾಷೆ. ತಮ್ಮನ ಕೈ ಹೋದದ್ದಕ್ಕೆ ಅವಳು ಅತ್ತದ್ದುಂಟು. ಗಂಡನ ಕೆಲಸ ಕೂದಲೆಳೆಯಲ್ಲಿ ಉಳಿದದ್ದಕ್ಕೆ ತಮ್ಮನ ಮೇಲೆ ಹಲ್ಲು ಕಡಿದದ್ದೂ ಉಂಟು. ಎರಡನ್ನೂ ಒಂದೇ ತಟ್ಟೆಯಲ್ಲಿ ಬಡಿಸುತ್ತಿದ್ದಳು. ಬಾವುಟ ತುಟಿ ಪಿಟಕ್ಕೆನ್ನದೆ ಉಣ್ಣುತ್ತಿದ್ದ.

ಮೇಡಂ ಕೊಟ್ಟ ಗಡುವಿನ ಹಿಂದಿನ ದಿನ, ಭಾನುವಾರ. ಬಿಸಿಲು ಪರದೆಯ ಸಂದಿನಿಂದ ತೂರಿ ಟೀವಿಯ ಮೇಲೆ ಗೀಟು ಹಾಕಿತ್ತು. ಒಂದು ಸಿಡಿಲು ಸರಿಯಾಗಿ ಬಿತ್ತು, ಎರಡನೆಯದೂ ಬಿತ್ತು. ಭಾವ ಕೂತಲ್ಲೇ ಮುಂದಕ್ಕೆ ಜರುಗಿದ.

“ಇದೊಂದು ಕಣೋ. ಇದೊಂದು ಬಿದ್ರೆ ಆಯ್ತು.”

ಬಾವುಟ ಗುರುತು ಹಿಡಿದ. ಉಂಗುರ ಕೂಡಿಕೊಳ್ಳುತ್ತಾ ಬಂತು. ಇನ್ನೇನು ತುದಿಗೆ ತುದಿ ತಾಗಬೇಕು, ಅಷ್ಟರಲ್ಲಿ ಗೋಡೆಯ ಮರೆಯಿಂದ ನೀಲಿ ಅಂಗಿಯ ಹೆಂಗಸೊಬ್ಬಳು, ಅವರೇ ಬಿಡಿಸಿದ ಜನರಲ್ಲಿ ಒಬ್ಬಳು, ಯಂತ್ರದ ಕಾಲ ಬುಡಕ್ಕೆ ಓಡಿಬಂದಳು. ಬೇಡ ಎನ್ನಲು ಬಾವುಟ ಉಸಿರೆಳೆದು ಬಾಯಿ ತೆರೆದ.

ಸಿಡಿಲು ಬಿತ್ತು. ಹೆಂಗಸು ಸುಟ್ಟುಹೋದಳು. ಬೇಗ ಆಯಿತು ಎಂದು ಕೆಂಪಕ್ಷರ ಬಂತು.

“ಛೆ!” ಎಂದ ಭಾವ. “ಒಂದು ಚೂರು ಬೇಗ ಹೇಳಿದೆ ಕಣೋ.”

ಬಾವುಟನ ಬಾಯಿ ಇನ್ನೂ ತೆರೆದೇ ಇತ್ತು. ಅದರಿಂದ ಮಾತು ಹೊರಟೇ ಇರಲಿಲ್ಲ.

“ಇನ್ನೊಂದು ಸಲ,” ಎಂದ. ಕೊಕ್ಕೆಗೆ ಸರಪಳಿ ಸಿಕ್ಕಿಸುವ ಮೊದಲು ಕೊಂಡಿ ಕೊಂಡಿಯಾಗಿ ಎಳೆದು ನೋಡುವ ಅಭ್ಯಾಸ ಅವನಿಗಿತ್ತು. ಹಾಗೆಯೇ ಎಳೆದು ನೋಡಿದ. ಗುರುತು ಹಿಡಿದು, ಉಂಗುರ ಅರ್ಧಕ್ಕೆ ಬಂದಾಗ ಬರಿಯ ಉಸಿರೆಳೆದು ಸುಮ್ಮನಾದ. ಸಿಡಿಲು ಬಿತ್ತು. ಮತ್ತೊಮ್ಮೆ, ಉಂಗುರ ಆಗಷ್ಟೇ ಮೂಡುತ್ತಿರುವಾಗ ಉಸಿರೆಳೆದು ಭುಜವನ್ನು ಒಂದಿಷ್ಟು ಎತ್ತಿದ. ಸಿಡಿಲು ಬಿತ್ತು. ಭಾವನ ಕಣ್ಣು ಟೀವಿಯಲ್ಲಿತ್ತು, ಹೆಬ್ಬೆರಳು ಮಾತ್ರ ಬಾವುಟನ ಉಸಿರಿನ ಮೇಲೆ ಕೂತಿತ್ತು. ಅದು ಭಾವನಿಗೇ ಗೊತ್ತಿರಲಿಲ್ಲ. ಅಷ್ಟು ವರ್ಷ ಒಬ್ಬರ ಮೈ ಇನ್ನೊಬ್ಬರಿಗೆ ಬಾಯಿಪಾಠವಾದವರಿಗೆ ಮಾತ್ರ ಬರುವ ರೋಗ ಇದು. ಹೊಸಬರಾದರೆ ಕೈ ಪೂರ್ತಿ ನೋಡಿ ಆಮೇಲೆ ಕ್ರೇನಿನ ಹಿಡಿ ಎಳೆಯುತ್ತಾರೆ.

“ಏನಾಗಿದೆ ನಿಂಗೆ ಇವತ್ತು?” ಎಂದ ಭಾವ. “ಬಾಯಿಗೆ ಬಂದಾಗೆಲ್ಲ ಹೇಳ್ತಿದೀಯ.”

“ನಾನು ಹೇಳ್ಲೇ ಇಲ್ಲ ಭಾವ. ಆಗಲೂ ಹೇಳ್ಲಿಲ್ಲ, ಈಗಲೂ ಇಲ್ಲ. ಆ ಹೆಂಗಸು ಅಡ್ಡ ಬಂದ್ಲಲ್ಲ, ಆಗ ಬೇಡ ಅನ್ನೋಕೆ ಬಾಯಿ ತೆಗೆದಿದ್ದು.”

ಭಾವ ಕಂಟ್ರೋಲರನ್ನು ಚಾಪೆಯ ಮೇಲಿಟ್ಟ. ಟೀವಿಯಲ್ಲಿ ಅವನ ಸೈನಿಕ ಮುಗಿಲಿನಲ್ಲಿ ಸುಮ್ಮನೆ ತೇಲುತ್ತಿದ್ದ.

ಬಾವುಟ ಕೇಳಬೇಕಾದದ್ದನ್ನು ಕೇಳಿದ. ಅವನ ಸ್ವರದಲ್ಲಿ ಏರಿಳಿತವೇ ಇರಲಿಲ್ಲ. “ಅವತ್ತು ನಾನು ಬೆರಳು ತೋರಿಸಿದ್ನಾ?”

ಭಾವ ಚಾಪೆಯ ಅಂಚಿನ ಒಂದು ದಾರ ಕಿತ್ತ. “ಬೆರಳು ನೋಡ್ಲಿಲ್ಲ ಕಣೋ,” ಎಂದ. “ತೋಳು ಪಕ್ಕಕ್ಕೆ ಬಂತು, ಇನ್ನೂ ಇಳಿಸು ಅಂತ ಅಂದ್ಕೊಂಡು ನಾನು ಇಳಿಸ್ಬಿಟ್ಟೆ. ಯಾವಾಗಲೂ ಹಾಗೇ ಅಲ್ವಾ ಮಾಡ್ತಿದ್ದಿದ್ದು? ಆಮೇಲೆ ಅಂಗೈ ಕಂಡ್ತು. ನೀನು ಬೀಸ್ತಿದ್ದೆ. ಅಷ್ಟೊತ್ತಿಗೆ ಚಪ್ಪಡಿ ಹೋಗಿ ಸಿಕ್ಕಾಕ್ಕೊಂಡಿತ್ತು.”

“ಅಂಗೈ ಕಂಡ್ತಾ?”

“ಕಂಡ್ತು.”

“ಮೊದಲಿಂದ ಗೊತ್ತಿತ್ತು ಹಾಗಾದ್ರೆ.”

“ಆಸ್ಪತ್ರೆಗೆ ಬಂದಾಗ ಹೇಳೋಣ ಅಂತಲೇ ಬಂದಿದ್ದೆ. ಬಾಗಿಲಲ್ಲೇ ನಿಮ್ಮಕ್ಕ, ಅವನಿಗೇನೂ ನೆನಪಿಲ್ವಂತೆ ಅಂದ್ಲು.” ಭಾವ ಮುಖ ಒರೆಸಿಕೊಂಡ. “ನಂಗೆ ಹೋದ ಜೀವ ಬಂದಹಾಗಾಯ್ತು ಕಣೋ. ದೇವರಾಣೆ, ಅಷ್ಟೇ ಆಗಿದ್ದು. ಆಮೇಲೆ ಒಂದೊಂದು ದಿನ ಹೋದಹಾಗೂ ಬಾಯಿ ಬಿಗಿದುಹೋಯ್ತು.”

ಬಾವುಟ ಕಾದ. ಸಿಟ್ಟು ಬರಬೇಕಿತ್ತು, ಇಲ್ಲ ಅಳು ಬರಬೇಕಿತ್ತು. ವರ್ಷವಿಡೀ ತನ್ನ ಕೈಯನ್ನು ಕಳ್ಳನಂತೆ ಕಂಡವನಿಗೆ, ಆ ಕೈ ಕೊನೆಯ ಗಳಿಗೆಯವರೆಗೂ ಸರಿಯಾದ್ದನ್ನೇ ಹೇಳುತ್ತಿತ್ತು ಎಂದು ಗೊತ್ತಾದಾಗ ಏನಾದರೂ ಆಗಬೇಕಲ್ಲವೇ? ಏನೂ ಆಗಲಿಲ್ಲ. ಮಡಿಲಲ್ಲಿ ಮಲಗಿದ್ದ ಬಲಗೈಯನ್ನು ನೋಡಿದ. ಉಗುರು ಬೆಳೆದಿತ್ತು, ಕತ್ತರಿಸಬೇಕು ಅನ್ನಿಸಿತು.

“ತಗೊಳ್ಳಿ ಭಾವ, ಆಡೋಣ,” ಎಂದ.

“ಈಗಲಾ?”

“ಈಗಲೇ. ಮಾತು ಕಿವಿಗೆ ಬಿದ್ದಮೇಲೆ ಒತ್ತಿ. ಅದಕ್ಕೆ ಮುಂಚೆ ಬೇಡ.”

ಭಾವ ಕಂಟ್ರೋಲರ್ ತೆಗೆದುಕೊಂಡ. ಬಾವುಟ ಗುರುತು ಹಿಡಿದು ಉಸಿರೆಳೆದ. ಭಾವನ ಹೆಬ್ಬೆರಳು ಗುಂಡಿಗೆ ತಾಗಿ ನಿಂತಿತು, ಒತ್ತಲಿಲ್ಲ. ಉಂಗುರ ಕೂಡಿತು. “ಈಗ,” ಎಂದ ಬಾವುಟ. ಸಿಡಿಲು ಯಂತ್ರದ ನೆತ್ತಿಗೇ ಬಿತ್ತು. ಎರಡನೆಯ ಸಲ ನಡುವೆ ಒಬ್ಬ ಮುದುಕ ಅಡ್ಡ ಬಂದ. ಬಾವುಟ ಬೇಡ ಎಂದ, ಭಾವ ನಿಂತ, ಮುದುಕ ಕುಂಟುತ್ತಾ ದಾಟಿಹೋದ, ಆಮೇಲೆ ಈಗ ಎಂದ. ಬಿತ್ತು. ಮೂರನೆಯದೂ ಬಿತ್ತು. ಟೀವಿ ತುಂಬ ಚಿನ್ನದ ಬೆಳಕು ಹರಡಿತು, ವಾದ್ಯಗಳು ಮೊಳಗಿದವು, ವಿದ್ಯೆ ಸಿದ್ಧಿಸಿತು ಎಂದು ಅಕ್ಷರ ಮೂಡಿತು, ಗ್ರಹದ ದೊಡ್ಡ ಬಾಗಿಲು ಗಡಗಡ ಸದ್ದು ಮಾಡುತ್ತಾ ತೆರೆಯಿತು.

ಇಬ್ಬರೂ ಅಲ್ಲಾಡಲಿಲ್ಲ.

ಆಗ ಬಂತು ಅವನಿಗೆ ಸಿಟ್ಟು. ಭಾವ ಒಪ್ಪಿಕೊಂಡಾಗ ಬಾರದ್ದು, ಗೆದ್ದಾಗ ಬಂತು. ಇಷ್ಟು ಸುಲಭವಿತ್ತೇ? ಒಂದು ಮಾತು ಮುಗಿಯುವವರೆಗೆ ಬೆರಳು ತಡೆಯುವುದು, ಅಷ್ಟೇ ತಾನೆ ಇದ್ದದ್ದು? ಒಂದೇ ಮಧ್ಯಾಹ್ನದಲ್ಲಿ ಕಲಿತುಬಿಟ್ಟನಲ್ಲ! ಅದು ಒಳ್ಳೆಯ ಭುಜವನ್ನು ಗಡಗಡ ನಡುಗಿಸಿತು. ಎಷ್ಟೋ ತಿಂಗಳ ಮೇಲೆ ಮೈಯಲ್ಲಿ ಏನೋ ಆಗುತ್ತಿತ್ತು. ಅದು ನೋವೇ ಆಗಿತ್ತು, ಬೇರೇನಲ್ಲ. ಕಣ್ಣಲ್ಲಿ ನೀರು ತುಂಬಿ ಟೀವಿಯ ಚಿನ್ನವೆಲ್ಲ ಕಲಸಿಹೋಯಿತು.

“ನಾಳೆ ಮೇಡಂಗೆ ಹೂಂ ಅಂತೀನಿ,” ಎಂದ, ಮೂಗು ಎಳೆದುಕೊಂಡು. “ಹೊಸಬರಿಗೆ ಕಲಿಸೋಕೆ ಹೋಗ್ತೀನಿ.”

ಭಾವ ಅವನ ಮುಖ ನೋಡಿದ. “ಎರಡು ಸಲ ಒಲ್ಲೆ ಅಂದವನು ಈಗ ಯಾಕೆ ಅಂತ ಕೇಳ್ತಾರೆ.”

“ಕೇಳ್ತಾರೆ.”

“ಏನು ಹೇಳ್ತೀಯ?”

ಹೇಳಿದರೆ ಗೂಡು ಹೋಗುತ್ತದೆ, ಸಂಬಳ ಹೋಗುತ್ತದೆ, ಮತ್ತೆಲ್ಲೂ ಭಾವನನ್ನು ಕ್ರೇನಿಗೆ ಹತ್ತಿಸುವುದಿಲ್ಲ. ಅದು ಇಬ್ಬರಿಗೂ ಗೊತ್ತಿತ್ತು. ಬಾವುಟ ಉತ್ತರ ಕೊಡುವ ಮೊದಲೇ ಅಕ್ಕ ಟೀ ತಂದಳು.

“ಏನದು ಅಷ್ಟು ಸದ್ದು? ಗೆದ್ದ್ರಾ?” ತಮ್ಮನ ಎಡಗಡೆಗೆ ಲೋಟ ಇಡುತ್ತಾ ನಕ್ಕಳು. “ಸದ್ಯ, ಇವನ ಸನ್ನೆ ಕೊನೆಗೂ ನೆಟ್ಟಗಾಯ್ತು ಅನ್ನಿ. ಒಂದು ವರ್ಷ ಮುಂಚೆ ಆಗಿದ್ರೆ...” ಅಲ್ಲಿಗೇ ನಿಲ್ಲಿಸಿದಳು. ತಮ್ಮನ ಕಣ್ಣು ಒದ್ದೆಯಾಗಿರುವುದು ಅವಳಿಗೆ ಕಂಡಿತ್ತು. “ಏನಾಯ್ತೋ?”

ಭಾವ ಬಾವುಟನ ಕಡೆ ತಿರುಗಿದ. ಹೇಳಲೋ ಬೇಡವೋ ಎಂದು ಕಣ್ಣಲ್ಲೇ ಕೇಳುತ್ತಿದ್ದ. ಅವನ ದೃಷ್ಟಿ ಬಾವುಟನ ಬಾಯಿಗೆ, ಅಲ್ಲಿಂದ ಭುಜಕ್ಕೆ, ಅಲ್ಲಿಂದ ಎಡಗೈಗೆ ಹೋಯಿತು. ಬಾವುಟ ಅಂಗೈ ಒಂದಿಷ್ಟು ಬೀಸಿದ್ದರೆ ಸಾಕಿತ್ತು, ಭಾವ ಅಲ್ಲಿಗೇ ನಿಲ್ಲುತ್ತಿದ್ದ. ಮನೆ ಇದ್ದ ಹಾಗೇ ಇರುತ್ತಿತ್ತು, ಮುಂದಿನ ಭಾನುವಾರ ಇಬ್ಬರೂ ದೊಡ್ಡ ಬಾಗಿಲಿನ ಆಚೆಗೆ ಹೋಗುತ್ತಿದ್ದರು. ಅವನು ಕೈ ಅಲ್ಲಾಡಿಸಲಿಲ್ಲ. ಉಸಿರನ್ನೂ ಎಳೆಯಲಿಲ್ಲ.

ಭಾವ ಕಾದ. ಎಲ್ಲಿಂದಲೂ ಏನೂ ಬರಲಿಲ್ಲ.

“ಇಲ್ಲಿ ಬಾ,” ಎಂದ ಹೆಂಡತಿಗೆ. “ಸ್ವಲ್ಪ ಕೂತ್ಕೋ.”